ರುಜು ಹಾಕದ ತರ್ಕಪಂಡಿತ

ಮಳೆಗಾಲದ ರಾತ್ರಿ ತಾಳಮದ್ದಳೆಗೆ ಕುಳಿತವರಿಗೆ ಈ ಅನುಭವ ಇದ್ದೇ ಇದೆ. ಇಬ್ಬರು ನುರಿತ ಅರ್ಥಧಾರಿಗಳು ವಾದಕ್ಕಿಳಿದರೆಂದರೆ ಬೆಳಗಾದುದೇ ತಿಳಿಯುವುದಿಲ್ಲ. ಕೃಷ್ಣನ ಮಾತು ಕೇಳುವಾಗ ಕೃಷ್ಣನದೇ ಸರಿ, ಭೀಷ್ಮನ ಮಾತು ಕೇಳುವಾಗ ಭೀಷ್ಮನದೇ ಸರಿ. ಪ್ರಸಂಗ ಮುಗಿದು ಗದ್ದೆಯ ಹುಣಿಯಲ್ಲಿ ಮನೆಗೆ ಮರಳುವಾಗ ಮಾತ್ರ ನಮ್ಮಲ್ಲೊಬ್ಬರಿಗೆ ಸಂಶಯ ಮೂಡುತ್ತದೆ. ಮಾತೇನೋ ಸೊಗಸಾಗಿತ್ತು, ಆದರೆ ಮೊದಲು ಹೇಳಿದ್ದರಿಂದ ಕೊನೆಗೆ ಹೇಳಿದ್ದು ನಿಜವಾಗಿ ಹೊರಡುತ್ತದೆಯೇ? ಈ ಒಂದು ಪ್ರಶ್ನೆಗೇ ತರ್ಕಶಾಸ್ತ್ರವೆಂದು ಹೆಸರು. ಇದನ್ನು ಬಾಳಿನುದ್ದಕ್ಕೂ ಕೇಳುತ್ತಾ ಹೋದ, ಕೇಳಿದ್ದಕ್ಕಾಗಿ ಎರಡು ಬಾರಿ ಕೆಲಸವನ್ನೂ ಬಿಟ್ಟ ಒಬ್ಬ ಪಂಡಿತರ ಕಥೆಯನ್ನು ಇಂದು ಓದುಗರ ಮುಂದಿಡುತ್ತಿದ್ದೇವೆ. ಅವರ ಹೆಸರು ಅಗಸ್ಟಸ್ ಡಿ ಮಾರ್ಗನ್. ಕಾಲೇಜಿನಲ್ಲಿ ಗಣಿತ ಓದುವ ಮಕ್ಕಳಿಗೆ ಡಿ ಮಾರ್ಗನ್ನನ ನಿಯಮಗಳು ಗೊತ್ತು. ಆದರೆ ಆ ನಿಯಮಗಳ ಹಿಂದಿದ್ದ ಮನುಷ್ಯನ ಪರಿಚಯ ಹೆಚ್ಚಿನವರಿಗಿಲ್ಲ.

ಮಧುರೆಯಲ್ಲಿ ಜನನ

ಡಿ ಮಾರ್ಗನ್ ಹುಟ್ಟಿದ್ದು ಇಂಗ್ಲೆಂಡಿನಲ್ಲಲ್ಲ, ಮೀನಾಕ್ಷಿಯ ಮಧುರೆಯಲ್ಲಿ, 1806ನೆಯ ಇಸವಿ ಜೂನ್ 27ರಂದು. ತಂದೆ ಈಸ್ಟ್ ಇಂಡಿಯಾ ಕಂಪೆನಿಯ ಸೇನೆಯಲ್ಲಿ ಅಧಿಕಾರಿ. ಮಗು ಹುಟ್ಟಿ ಎರಡು ವಾರವಾಗುವುದರೊಳಗೆ ವೆಲ್ಲೂರಿನ ಕೋಟೆಯಲ್ಲಿ ಸಿಪಾಯಿಗಳ ದಂಗೆಯಾಯಿತು. ದಕ್ಷಿಣದ ದಂಡುಗಳಲ್ಲೆಲ್ಲ ಆತಂಕ ಹಬ್ಬಿತು. ಏಳು ತಿಂಗಳ ಕೂಸನ್ನೆತ್ತಿಕೊಂಡು ಮನೆಯವರು ಇಂಗ್ಲೆಂಡಿಗೆ ಹಡಗು ಹತ್ತಿದರು. ಅದಕ್ಕೂ ಮೊದಲೇ ಕಣ್ಣುಬೇನೆಯಿಂದ ಮಗುವಿನ ಬಲಗಣ್ಣಿನ ದೃಷ್ಟಿ ಹೋಗಿತ್ತು. ಹತ್ತನೆಯ ವಯಸ್ಸಿನಲ್ಲಿ ತಂದೆ ತೀರಿಕೊಂಡರು. ಒಂದೇ ಕಣ್ಣಿನ ಹುಡುಗನಿಗೆ ಆಟದ ಬಯಲಿನಲ್ಲಿ ಸ್ಥಾನವಿರಲಿಲ್ಲ, ಸಹಪಾಠಿಗಳ ಕುಚೇಷ್ಟೆಗೆ ಕೊರತೆಯೂ ಇರಲಿಲ್ಲ. ಹುಡುಗ ಪುಸ್ತಕಗಳತ್ತ ತಿರುಗಿದನು.

ಮಧುರೆಯ ನೆನಪು ಅವರಿಗೆ ಇರುವುದು ಸಾಧ್ಯವೇ ಇರಲಿಲ್ಲ. ಆದರೂ ಆ ಊರಿನಲ್ಲಿ ಹುಟ್ಟಿದೆನೆಂಬ ಹೆಮ್ಮೆ ಕೊನೆಯವರೆಗೂ ಇತ್ತು. ತಾನು ಇಂಗ್ಲಿಷನೂ ಅಲ್ಲ, ಸ್ಕಾಟನೂ ಅಲ್ಲ, ಐರಿಷನೂ ಅಲ್ಲ, ಯಾವ ಗುಂಪಿಗೂ ಅಂಟದ ಬ್ರಿಟಿಷನೆಂದು ಹೇಳಿಕೊಳ್ಳುತ್ತಿದ್ದರು. ಗಡಿಯ ಆಚೆಗೂ ಪೂರ್ತಿ ಸೇರದೆ ಈಚೆಗೂ ಪೂರ್ತಿ ಸೇರದೆ ಬಾಳುವ ನಮ್ಮಂಥವರಿಗೆ ಈ ಮಾತಿನ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ.

ಒಂದು ರುಜುವಿನ ಬೆಲೆ

1823ರಲ್ಲಿ, ಹದಿನಾರನೆಯ ವಯಸ್ಸಿನಲ್ಲಿ, ಅವರು ಕೇಂಬ್ರಿಜ್ಜಿನ ಟ್ರಿನಿಟಿ ಕಾಲೇಜಿಗೆ ಸೇರಿದರು. ಬಿಡುವಿನಲ್ಲಿ ಕೊಳಲು ಬಾರಿಸುತ್ತಿದ್ದರು, ಬಹಳ ಚೆನ್ನಾಗಿಯೇ ಬಾರಿಸುತ್ತಿದ್ದರಂತೆ. ಪರೀಕ್ಷೆಗೆ ಬೇಕಾದ್ದಕ್ಕಿಂತ ತನಗೆ ಬೇಕಾದ್ದನ್ನೇ ಹೆಚ್ಚಾಗಿ ಓದಿದರು. ಆದರೂ 1827ರ ಗಣಿತದ ಪರೀಕ್ಷೆಯಲ್ಲಿ ನಾಲ್ಕನೆಯ ಸ್ಥಾನ ಬಂತು. ಅಂಥವರಿಗೆ ಎಂ.ಎ. ಪದವಿ, ಕಾಲೇಜಿನ ಫೆಲೋಷಿಪ್, ಬಾಳಿನುದ್ದಕ್ಕೂ ನೆಮ್ಮದಿ, ಎಲ್ಲವೂ ಕೈಗೆಟಕುವಂತಿತ್ತು. ನಡುವೆ ಇದ್ದುದು ಒಂದು ಕಾಗದ ಮಾತ್ರ. ಇಂಗ್ಲೆಂಡಿನ ಅಧಿಕೃತ ಚರ್ಚಿನ ಮತತತ್ವಗಳನ್ನು ಒಪ್ಪಿದ್ದೇನೆಂದು ರುಜು ಹಾಕಿದವರಿಗಷ್ಟೇ ಅಂದಿನ ಕೇಂಬ್ರಿಜ್ಜಿನಲ್ಲಿ ಮೇಲಿನ ಪದವಿ ಸಿಗುತ್ತಿತ್ತು.

ಡಿ ಮಾರ್ಗನ್ ನಾಸ್ತಿಕರಾಗಿರಲಿಲ್ಲ. ಅದೇ ಚರ್ಚಿನ ರೀತಿಯಲ್ಲೇ ಬೆಳೆದವರು. ಎಷ್ಟೋ ಮಂದಿ ಮನಸ್ಸಿನಲ್ಲಿ ಬೇರೇನೋ ಇಟ್ಟುಕೊಂಡು ರುಜು ಹಾಕಿ ಪದವಿ ಪಡೆಯುತ್ತಿದ್ದರು. ಇವರು ಹಾಕಲಿಲ್ಲ. ನಂಬಿಕೆಯನ್ನು ಸಂಬಳಕ್ಕೆ ಬದಲಾಗಿ ಕೊಡುವುದು ನಂಬಿಕೆಗೂ ಅವಮಾನ, ವಿದ್ಯೆಗೂ ಅವಮಾನ ಎಂಬುದು ಅವರ ನಿಲುವು. ಕೇಂಬ್ರಿಜ್ಜಿನ ಬಾಗಿಲು ಮುಚ್ಚಿತು. ವಕೀಲಿಕೆ ಕಲಿಯಲು ಅವರು ಲಂಡನಿಗೆ ಹೊರಟರು.

ಅದೃಷ್ಟಕ್ಕೆ ಅದೇ ಹೊತ್ತಿಗೆ ಲಂಡನಿನಲ್ಲಿ ಹೊಸದೊಂದು ವಿದ್ಯಾಸಂಸ್ಥೆ ಹುಟ್ಟಿತ್ತು. ವಿದ್ಯಾರ್ಥಿಯಾಗಲಿ ಅಧ್ಯಾಪಕನಾಗಲಿ ಯಾವ ಮತದವನೆಂದು ಕೇಳಕೂಡದು ಎಂಬುದೇ ಅದರ ತಳಹದಿ. ಮುಂದೆ ಯೂನಿವರ್ಸಿಟಿ ಕಾಲೇಜ್ ಎಂದು ಹೆಸರಾದ ಸಂಸ್ಥೆ ಅದು. 1828ರಲ್ಲಿ ಅಲ್ಲಿ ಗಣಿತದ ಮೊದಲ ಪ್ರಾಧ್ಯಾಪಕರನ್ನು ಆರಿಸಿದಾಗ ಆ ಸ್ಥಾನಕ್ಕೆ ಬಂದವರು ಡಿ ಮಾರ್ಗನ್. ಆಗ ಅವರಿಗೆ ವಯಸ್ಸು 21.

ಮೂರೇ ವರ್ಷದಲ್ಲಿ ಮೊದಲ ಪರೀಕ್ಷೆ ಬಂತು. 1831ರಲ್ಲಿ ವಿದ್ಯಾರ್ಥಿಗಳ ಗದ್ದಲಕ್ಕೆ ಮಣಿದು ಆಡಳಿತ ಮಂಡಳಿ ಶರೀರಶಾಸ್ತ್ರದ ಪ್ರಾಧ್ಯಾಪಕರೊಬ್ಬರನ್ನು ಕೆಲಸದಿಂದ ತೆಗೆಯಿತು. ಅವರ ಶೀಲದಲ್ಲಿಯಾಗಲಿ ಯೋಗ್ಯತೆಯಲ್ಲಿಯಾಗಲಿ ಕುಂದಿಲ್ಲವೆಂದು ಮಂಡಳಿಯೇ ಹೇಳಿತು, ಆದರೂ ತೆಗೆಯಿತು. ಕುಂದಿಲ್ಲದವನನ್ನು ತೆಗೆಯಬಹುದಾದರೆ ಯಾರನ್ನು ಬೇಕಾದರೂ ತೆಗೆಯಬಹುದು, ಅಂಥಲ್ಲಿ ಮಾನವಂತನು ಕಲಿಸಲಾರನು. ಹೀಗೆ ಲೆಕ್ಕ ಹಾಕಿ ಡಿ ಮಾರ್ಗನ್ ರಾಜೀನಾಮೆ ಕೊಟ್ಟರು. ಐದು ವರ್ಷ ಖಾಸಗಿ ಪಾಠ ಹೇಳಿ, ಲೇಖನ ಬರೆದು ಬಾಳಿದರು. 1836ರಲ್ಲಿ, ಅವರ ಸ್ಥಾನಕ್ಕೆ ಬಂದಿದ್ದವರು ನೀರಿನಲ್ಲಿ ಮುಳುಗಿ ತೀರಿಕೊಂಡಾಗ, ಕಾಲೇಜು ಮತ್ತೆ ಕರೆಯಿತು. ಮರಳಿ ಹೋಗಿ ಇನ್ನು ಮೂವತ್ತು ವರ್ಷ ಕಲಿಸಿದರು. 1837ರಲ್ಲಿ ಸೋಫಿಯಾ ಫ್ರೆಂಡ್ ಎಂಬವರೊಡನೆ ವಿವಾಹವಾಯಿತು, ಏಳು ಮಂದಿ ಮಕ್ಕಳಾದರು.

ರೇಖಾಗಣಿತಕ್ಕೆ ಮೊದಲು ತರ್ಕ

ಗಣಿತದ ಪ್ರಾಧ್ಯಾಪಕರಿಗೆ ತರ್ಕದ ಹಂಬಲ ಹತ್ತಿದ್ದು ತರಗತಿಯಲ್ಲಿಯೇ. ಯೂಕ್ಲಿಡನ ಪ್ರಮೇಯಗಳನ್ನು ಹುಡುಗರು ಬಾಯಿಪಾಠ ಮಾಡಿ ಒಪ್ಪಿಸುತ್ತಿದ್ದರು. ಒಂದು ಮಾತಿನಿಂದ ಇನ್ನೊಂದು ಯಾಕೆ ಹೊರಡುತ್ತದೆಂದು ಕೇಳಿದರೆ ಉತ್ತರವಿಲ್ಲ. ತ್ರಿಕೋನ ಕಲಿಸುವ ಮೊದಲು ಯೋಚಿಸುವುದನ್ನು ಕಲಿಸಬೇಕೆಂದು ಅವರಿಗೆ ಕಂಡಿತು. 1839ರಲ್ಲಿ, ರೇಖಾಗಣಿತಕ್ಕೆ ಪೂರ್ವಸಿದ್ಧತೆಯಾಗಿ, ತರ್ಕದ ಮೊದಲ ಪಾಠಗಳ ಒಂದು ಸಣ್ಣ ಪುಸ್ತಕ ಹೊರತಂದರು.

ಆ ಮೊದಲ ಪಾಠ ನಮ್ಮ ಹಿತ್ತಲಿನಲ್ಲೇ ಸಿಗುತ್ತದೆ. ಹಲಸಿನ ಮರಗಳೆಲ್ಲವೂ ಹಾಲು ಒಸರುವ ಮರಗಳು. ಈ ಮರ ಹಲಸು. ಆದ್ದರಿಂದ ಇದು ಹಾಲು ಒಸರುತ್ತದೆ. ಇದು ಸರಿ. ಈಗ ತಿರುಗಿಸಿ ನೋಡೋಣ. ಹಲಸಿನ ಮರಗಳೆಲ್ಲವೂ ಹಾಲು ಒಸರುತ್ತವೆ. ಈ ಮರವೂ ಹಾಲು ಒಸರುತ್ತದೆ. ಆದ್ದರಿಂದ ಇದು ಹಲಸು. ಕೇಳುವುದಕ್ಕೆ ಮೊದಲಿನಂತೆಯೇ ಇದೆ. ಆದರೆ ಮರ ರಬ್ಬರಿನದೂ ಆಗಿರಬಹುದು! ಮೊದಲನೆಯ ವಾದದ ಆಕಾರ ಗಟ್ಟಿ, ಎರಡನೆಯದರ ಆಕಾರವೇ ಸೋರುತ್ತದೆ. ಹಲಸಿನ ಬದಲು ಏನನ್ನು ತುಂಬಿದರೂ ಈ ವ್ಯತ್ಯಾಸ ಹಾಗೆಯೇ ಉಳಿಯುತ್ತದೆ. ವಿಷಯವನ್ನು ಬದಿಗಿಟ್ಟು ಹೀಗೆ ವಾದದ ಆಕಾರವನ್ನಷ್ಟೇ ತೂಗಿ ನೋಡುವುದು ತರ್ಕದ ಒಂದು ಕವಲು. ಅದಕ್ಕೆ ಆಕಾರ ತರ್ಕವೆನ್ನೋಣ. ಪೇಟೆಯಲ್ಲಿ, ಸಭೆಯಲ್ಲಿ, ಮನೆಯ ಜಗಲಿಯಲ್ಲಿ ಆಡುವ ಮಾತಿನ ದಾರಿ ಎಲ್ಲಿ ತಪ್ಪಿತೆಂದು ಹುಡುಕುವುದು ಇನ್ನೊಂದು ಕವಲು. ಅದು ವ್ಯವಹಾರ ತರ್ಕ. ಡಿ ಮಾರ್ಗನ್ನರು ಎರಡರಲ್ಲೂ ಕೈಯಾಡಿಸಿದರು.

ಎರಡು ಸಾವಿರ ವರ್ಷ ಯುರೋಪು ನಂಬಿದ್ದು ಅರಿಸ್ಟಾಟಲನ ತರ್ಕವನ್ನು. ಎಲ್ಲವೂ, ಕೆಲವು, ಯಾವುದೂ ಅಲ್ಲ ಎಂಬ ಅಳತೆಗಳಿಂದ ಕಟ್ಟಿದ ಮೂರು ವಾಕ್ಯಗಳ ಅನುಮಾನ ಅದು. ಇದರಲ್ಲಿ ಹಿಡಿಸದ ಸಂಗತಿಗಳಿವೆಯೆಂದು ಡಿ ಮಾರ್ಗನ್ ತೋರಿಸಿದರು. ಹಸು ಒಂದು ಪ್ರಾಣಿ, ಆದ್ದರಿಂದ ಹಸುವಿನ ಬಾಲ ಪ್ರಾಣಿಯ ಬಾಲ. ಇದು ಎಳೆಯ ಮಗುವಿಗೂ ಗೊತ್ತು, ಆದರೆ ಅರಿಸ್ಟಾಟಲನ ಚೌಕಟ್ಟಿನೊಳಗೆ ಈ ಬಗೆಯ ಮಾತನ್ನು ಸಾಧಿಸಲಾಗುವುದಿಲ್ಲ. ಹಸು, ಪ್ರಾಣಿ ಎಂಬ ಹೆಸರುಗಳು ಸಾಲವು, ಒಂದಕ್ಕೂ ಇನ್ನೊಂದಕ್ಕೂ ಇರುವ ಸಂಬಂಧವೂ ಲೆಕ್ಕಕ್ಕೆ ಬರಬೇಕು. 1860ರಲ್ಲಿ ಅವರು ಸಂಬಂಧಗಳ ತರ್ಕವನ್ನು ಕುರಿತು ಪ್ರಬಂಧ ಬರೆದರು. ರಾಮ ಲಕ್ಷ್ಮಣನಿಗೆ ಅಣ್ಣ, ಲಕ್ಷ್ಮಣ ಶತ್ರುಘ್ನನಿಗೆ ಅಣ್ಣ, ಆದ್ದರಿಂದ ರಾಮ ಶತ್ರುಘ್ನನಿಗೂ ಅಣ್ಣ. ಆದರೆ ದಶರಥ ರಾಮನಿಗೆ ಅಪ್ಪ, ರಾಮ ಲವನಿಗೆ ಅಪ್ಪ ಎಂದ ಮಾತ್ರಕ್ಕೆ ದಶರಥ ಲವನಿಗೆ ಅಪ್ಪನಾಗುವುದಿಲ್ಲ, ಅಜ್ಜನಾಗುತ್ತಾನೆ. ಕೆಲವು ಸಂಬಂಧಗಳು ದಾಟಿಕೊಂಡು ಮುಂದೆ ಹೋಗುತ್ತವೆ, ಕೆಲವು ಹೋಗುವುದಿಲ್ಲ. ಇದನ್ನು ಶಾಸ್ತ್ರವಾಗಿ ವಿಚಾರಿಸಿದವರಲ್ಲಿ ಅವರು ಮೊದಲಿಗರು.

ಕೆಲವು ಎಂಬ ಮಾತಿನ ಬದಲು ಸಂಖ್ಯೆಯನ್ನೇ ಇಟ್ಟರೇನಾಗುತ್ತದೆಂದೂ ಅವರು ನೋಡಿದರು. ಮದುವೆಯ ಒಂದು ಪಂಕ್ತಿಯಲ್ಲಿ 100 ಮಂದಿ ಕುಳಿತಿದ್ದಾರೆನ್ನಿ. 60 ಮಂದಿ ಹೋಳಿಗೆ ತಿಂದರು, 70 ಮಂದಿ ಪಾಯಸ ಉಂಡರು. ಯಾರನ್ನೂ ಕೇಳದೆಯೇ ನಾವು ಹೇಳಬಹುದು, ಕನಿಷ್ಠ 30 ಮಂದಿ ಎರಡನ್ನೂ ಉಂಡಿದ್ದಾರೆ. ಹಳೆಯ ತರ್ಕ ಇಲ್ಲಿ ಬಾಯಿ ಮುಚ್ಚಿ ಕುಳಿತಿತ್ತು.

ಎರಡು ನಿಯಮಗಳು

ಇನ್ನು ಅವರ ಹೆಸರನ್ನು ಉಳಿಸಿದ ನಿಯಮಗಳು. ಇವು ಅಲ್ಲ ಎಂಬ ಮಾತಿನ ನಡತೆಗೆ ಸಂಬಂಧಿಸಿದವು. ನಮ್ಮ ಊರಿನ ಉದಾಹರಣೆಯನ್ನೇ ತೆಗೆದುಕೊಳ್ಳೋಣ. ಒಬ್ಬನು ಕನ್ನಡವನ್ನೂ ಮಲಯಾಳವನ್ನೂ ಎರಡನ್ನೂ ಬಲ್ಲವನೆಂಬುದು ಸುಳ್ಳು ಎಂದರು ಎನ್ನಿ. ಹಾಗಾದರೆ ಅವನಿಗೆ ಎರಡೂ ಬಾರದೆಂದು ಅರ್ಥವೇ? ಅಲ್ಲ. ಎರಡರಲ್ಲಿ ಒಂದಾದರೂ ಬಾರದು, ಅಷ್ಟೇ. ಇದು ಒಂದು ನಿಯಮ. ಅವನು ಕನ್ನಡವನ್ನಾದರೂ ಮಲಯಾಳವನ್ನಾದರೂ ಬಲ್ಲನೆಂಬುದು ಸುಳ್ಳು ಎಂದರೆ ಮಾತ್ರ ಎರಡೂ ಬಾರದೆಂದಾಯಿತು. ಇದು ಇನ್ನೊಂದು ನಿಯಮ. ಎರಡೂ ಎಂಬುದನ್ನು ಅಲ್ಲಗಳೆದರೆ ಒಂದಾದರೂ ಅಲ್ಲ, ಒಂದಾದರೂ ಎಂಬುದನ್ನು ಅಲ್ಲಗಳೆದರೆ ಎರಡೂ ಅಲ್ಲ.

ಇಷ್ಟಕ್ಕೆ ಇಷ್ಟು ದೊಡ್ಡ ಹೆಸರೇ ಎಂದು ಕೇಳಬೇಡಿ. ಅರ್ಜಿಯ ನಮೂನೆಯಲ್ಲಿ ಇವೆರಡನ್ನು ಅದಲುಬದಲು ಮಾಡಿ ಓದಿದವನು ತನಗೆ ಸಲ್ಲಬೇಕಾದ್ದನ್ನು ಕಳೆದುಕೊಳ್ಳುತ್ತಾನೆ. ಎರಡು ಭಾಷೆಯೂ ಬೇಕು ಎನ್ನುವುದಕ್ಕೂ ಎರಡರಲ್ಲೊಂದು ಸಾಕು ಎನ್ನುವುದಕ್ಕೂ ನಡುವೆ ಒಬ್ಬ ಹುಡುಗನ ಉದ್ಯೋಗವೇ ನಿಂತಿರುತ್ತದೆ. ಇಂದಿನ ಕಂಪ್ಯೂಟರಿನೊಳಗಿನ ವಿದ್ಯುತ್ ದ್ವಾರಗಳನ್ನು ಜೋಡಿಸುವವರಿಗೂ ಇದೇ ನಿಯಮಗಳು ನಿತ್ಯದ ಉಪಕರಣ. ಈ ತಿಳುವಳಿಕೆ ಮಧ್ಯಯುಗದ ಪಂಡಿತರಿಗೂ ಇತ್ತು. ಅದನ್ನು ಲೆಕ್ಕದಂತೆ ಬಳಸಬಹುದಾದ ರೂಪಕ್ಕೆ ತಂದುದು ಡಿ ಮಾರ್ಗನ್ನರ ಸಾಧನೆ.

1847ರಲ್ಲಿ ಆಕಾರ ತರ್ಕವನ್ನು ಕುರಿತು ಅವರ ದೊಡ್ಡ ಗ್ರಂಥ ಬಂತು. ಅದರ ಹಿಂದೆ ಒಂದು ಜಗಳವೂ ಇದೆ. ಎಡಿನ್‌ಬರೋದ ತತ್ವಶಾಸ್ತ್ರಜ್ಞ ಸರ್ ವಿಲಿಯಂ ಹ್ಯಾಮಿಲ್ಟನ್, ಡಿ ಮಾರ್ಗನ್ ತನ್ನ ವಿಚಾರವನ್ನು ಕದ್ದರೆಂದು ಆಪಾದಿಸಿದರು. ಪತ್ರ, ಪ್ರತ್ಯುತ್ತರ, ಪುಸ್ತಿಕೆಗಳ ಯುದ್ಧವೇ ನಡೆಯಿತು. ಆಪಾದನೆ ನಿಲ್ಲಲಿಲ್ಲ, ಆದರೆ ಜಗಳದಿಂದ ಲೋಕಕ್ಕೆ ಲಾಭವಾಯಿತು. ದೂರದ ಲಿಂಕನ್ ಪಟ್ಟಣದಲ್ಲಿ ಶಾಲೆ ನಡೆಸುತ್ತಿದ್ದ, ಚಮ್ಮಾರನ ಮಗ ಜಾರ್ಜ್ ಬೂಲ್ ಈ ವಿವಾದವನ್ನು ಓದಿ, ತನ್ನ ಹಳೆಯ ಯೋಚನೆಗಳನ್ನು ಮತ್ತೆ ಕೈಗೆತ್ತಿಕೊಂಡು, ತರ್ಕವನ್ನು ಬೀಜಗಣಿತವಾಗಿಸುವ ಪುಸ್ತಕವನ್ನು ಅದೇ 1847ರಲ್ಲಿ ಬರೆದರು. ಕಾಲೇಜಿನ ಮೆಟ್ಟಿಲು ಹತ್ತದ ಬೂಲರನ್ನು ಡಿ ಮಾರ್ಗನ್ ಎದುರಾಳಿಯೆಂದು ಕಾಣಲಿಲ್ಲ. ಕೊನೆಯವರೆಗೂ ಗೆಳೆಯರಾಗಿ ನಡೆದುಕೊಂಡರು.

ತಪ್ಪುದಾರಿಗಳ ಸಂಗ್ರಹ

ಸರಿಯಾಗಿ ಯೋಚಿಸುವುದಕ್ಕೆ ನಿಯಮಗಳನ್ನು ಪಟ್ಟಿಮಾಡಬಹುದು, ಆದರೆ ತಪ್ಪುವ ದಾರಿಗಳ ಪಟ್ಟಿ ಎಂದಿಗೂ ಮುಗಿಯದು ಎಂಬುದು ಅವರ ಅಭಿಪ್ರಾಯವಾಗಿತ್ತು. ಆದರೂ ತನ್ನ ಗ್ರಂಥದಲ್ಲಿ ಹುಸಿವಾದಗಳಿಗೆ ಉದ್ದದ ಒಂದು ಅಧ್ಯಾಯವನ್ನೇ ಮೀಸಲಿಟ್ಟರು. ಮಾತಿಗೆ ಉತ್ತರ ಕೊಡುವ ಬದಲು ಮಾತಾಡಿದವನ ಜಾತಕ ತೆಗೆಯುವುದು, ಒಂದೇ ಪದವನ್ನು ವಾದದ ನಡುವೆ ಬೇರೆ ಅರ್ಥಕ್ಕೆ ತಿರುಗಿಸುವುದು, ಸಾಧಿಸಬೇಕಾದ್ದನ್ನು ಮೊದಲೇ ಒಪ್ಪಿಕೊಂಡು ಹೊರಡುವುದು ಮುಂತಾದ ಇವೆಲ್ಲ ನಮ್ಮ ಜಗಲಿಗಳಿಗೂ ಅಪರಿಚಿತವಲ್ಲ. ನಮ್ಮ ನೈಯಾಯಿಕರು ಇಂಥವನ್ನು ಹೇತ್ವಾಭಾಸ, ಛಲ ಎಂದು ಬಹು ಹಿಂದೆಯೇ ವಿಂಗಡಿಸಿದ್ದರು. ಡಿ ಮಾರ್ಗನ್ ಇದನ್ನು ಬಲ್ಲವರು. ಗಣಿತವನ್ನು ಕಟ್ಟಿದ ಸಂಸ್ಕೃತದ ಜನ, ಗ್ರೀಕ್ ಜನ ಇಬ್ಬರೇ ತರ್ಕವನ್ನೂ ಸ್ವತಂತ್ರವಾಗಿ ಕಟ್ಟಿದರೆಂದು ಅವರು ಬರೆದಿದ್ದಾರೆ.

ವೃತ್ತವನ್ನು ಚೌಕ ಮಾಡಿದ್ದೇವೆಂದು ಹೇಳಿಕೊಳ್ಳುವವರು ಅವರಿಗೆ ಪತ್ರದ ಮೇಲೆ ಪತ್ರ ಬರೆಯುತ್ತಿದ್ದರು. ಲಿವರ್‌ಪೂಲಿನ ಜೇಮ್ಸ್ ಸ್ಮಿತ್ ಎಂಬ ವ್ಯಾಪಾರಿ, ವೃತ್ತದ ಪರಿಧಿಗೂ ವ್ಯಾಸಕ್ಕೂ ಇರುವ ಪ್ರಮಾಣ ಸರಿಯಾಗಿ ಮೂರೂ ಎಂಟನೆಯ ಒಂದು, ಅಂದರೆ 3.125 ಎಂದು ಪಟ್ಟು ಹಿಡಿದಿದ್ದರು. ಅವರ ಸಾಧನೆಯ ಕ್ರಮ ಹೀಗಿತ್ತು: ಮೊದಲು 3.125 ಎಂದು ಇಟ್ಟುಕೊಳ್ಳುವುದು, ಬೇರೆ ಯಾವ ಬೆಲೆ ಹಿಡಿದರೂ ಅದಕ್ಕೆ ಹೊಂದುವುದಿಲ್ಲವೆಂದು ತೋರಿಸುವುದು, ಆದ್ದರಿಂದ 3.125 ಸರಿಯೆನ್ನುವುದು! ಬಾವಿಯೊಳಗೆ ನಿಂತು ತನ್ನನ್ನು ತಾನೇ ಎತ್ತಿಕೊಂಡಂತಾಯಿತು. ಇಂಥ ವಿಚಿತ್ರಗಳನ್ನು ಡಿ ಮಾರ್ಗನ್ ಒಂದು ವಾರಪತ್ರಿಕೆಯಲ್ಲಿ ಹಾಸ್ಯವಾಗಿ ಬರೆಯುತ್ತಿದ್ದರು. ಅವರು ತೀರಿದ ಮೇಲೆ, 1872ರಲ್ಲಿ, ಪತ್ನಿ ಅವನ್ನು ಪುಸ್ತಕ ಮಾಡಿದರು. ನಕ್ಕರೂ ಅವರು ಯಾರನ್ನೂ ಓದದೆ ತಳ್ಳಲಿಲ್ಲ ಎಂಬುದನ್ನು ಗಮನಿಸಬೇಕು.

ಓದಿದ್ದರಿಂದಲೇ ಒಂದು ರತ್ನವೂ ಸಿಕ್ಕಿತು. 1850ರಲ್ಲಿ ಕಲ್ಕತ್ತೆಯಲ್ಲಿ ಅಚ್ಚಾದ ಒಂದು ಗಣಿತ ಪುಸ್ತಕ ಅವರ ಕೈಸೇರಿತು. ಬರೆದವರು ದಿಲ್ಲಿ ಕಾಲೇಜಿನ ಅಧ್ಯಾಪಕ ರಾಮಚಂದ್ರ. ಕಲನಶಾಸ್ತ್ರದಿಂದ ಬಿಡಿಸುವ ಗರಿಷ್ಠ, ಕನಿಷ್ಠ ಬೆಲೆಯ ಲೆಕ್ಕಗಳನ್ನು ಅವರು ಬರೀ ಬೀಜಗಣಿತದಿಂದ ಬಿಡಿಸಿದ್ದರು. ಕಲ್ಕತ್ತೆಯ ವಿಮರ್ಶಕರು ಆ ಪುಸ್ತಕವನ್ನು ಹಳಿದಿದ್ದರು. ಡಿ ಮಾರ್ಗನ್ ಮಾತ್ರ ಅದರಲ್ಲಿ ಭಾರತೀಯ ಬುದ್ಧಿಯ ಸ್ವಂತ ದಾರಿಯನ್ನು ಕಂಡರು. ಕಂಪೆನಿಯ ನಿರ್ದೇಶಕರಿಗೆ ಬರೆದು, 1859ರಲ್ಲಿ, ದಂಗೆಯ ಕಹಿ ಇನ್ನೂ ಆರದ ದಿನಗಳಲ್ಲಿ, ತನ್ನ ಮುನ್ನುಡಿಯೊಂದಿಗೆ ಅದನ್ನು ಲಂಡನಿನಲ್ಲಿ ಪ್ರಕಟಿಸಿದರು. ಮಧುರೆಯ ಋಣ ಹೀಗೆ ಸ್ವಲ್ಪ ತೀರಿತು.

ನಮ್ಮ ಮಕ್ಕಳ ಭೂಪಟಕ್ಕೂ ಅವರಿಗೂ ಒಂದು ನಂಟಿದೆ. 1852ರಲ್ಲಿ ಒಬ್ಬ ಶಿಷ್ಯ ಬಂದು ತನ್ನ ಅಣ್ಣನ ಪ್ರಶ್ನೆಯೊಂದನ್ನು ಮುಂದಿಟ್ಟನು. ಗಡಿ ಹಂಚಿಕೊಂಡ ಎರಡು ಜಿಲ್ಲೆಗಳಿಗೆ ಒಂದೇ ಬಣ್ಣ ಬಾರದಂತೆ ಯಾವ ಭೂಪಟಕ್ಕಾದರೂ ನಾಲ್ಕೇ ಬಣ್ಣ ಸಾಕೇ? ಸಾಕೆಂದು ಕಾಣುತ್ತದೆ, ಆದರೆ ಕಾಣುವುದು ಸಾಧನೆಯಲ್ಲ. ಡಿ ಮಾರ್ಗನ್ ಅದನ್ನು ಪಂಡಿತರಿಗೆಲ್ಲ ಬರೆದರು. ಸಾಧಿಸಿ ತೋರಿಸಲು 124 ವರ್ಷ ಹಿಡಿಯಿತು. 1976ರಲ್ಲಿ ಇಬ್ಬರು ಗಣಿತಜ್ಞರು ಕಂಪ್ಯೂಟರಿನ ನೆರವಿನಿಂದ ಅದನ್ನು ಮುಗಿಸಿದರು.

ಕೊನೆಯ ವಾದ

1865ರಲ್ಲಿ ಲಂಡನಿನ ಗಣಿತ ಸಂಘ ಹುಟ್ಟಿದಾಗ ಡಿ ಮಾರ್ಗನ್ ಅದರ ಮೊದಲ ಅಧ್ಯಕ್ಷರಾದರು. ಅದನ್ನು ಹುಟ್ಟುಹಾಕಿದ ಇಬ್ಬರು ತರುಣರಲ್ಲಿ ಒಬ್ಬ ಅವರ ಮಗ ಜಾರ್ಜ್. ಬಾಳು ಹಣ್ಣಾಯಿತೆಂದು ತೋರುವ ಹೊತ್ತಿಗೆ, 1866ರಲ್ಲಿ, ಕಾಲೇಜಿನಲ್ಲಿ ಒಂದು ಪೀಠ ತೆರವಾಯಿತು. ಅದು ಮನಶ್ಶಾಸ್ತ್ರ ಮತ್ತು ತರ್ಕಶಾಸ್ತ್ರದ ಪೀಠವೇ! ಅರ್ಜಿ ಹಾಕಿದವರಲ್ಲಿ ಯೋಗ್ಯರೆಂದು ಅಧ್ಯಾಪಕರ ಸಭೆ ಸೂಚಿಸಿದ್ದು ಜೇಮ್ಸ್ ಮಾರ್ಟಿನೊ ಅವರನ್ನು. ಆದರೆ ಅವರು ಯೂನಿಟೇರಿಯನ್ ಎಂಬ ಅಲ್ಪಸಂಖ್ಯಾತ ಪಂಥದ ಬೋಧಕರು. ಆಡಳಿತ ಮಂಡಳಿ ಅವರನ್ನು ಬೇಡವೆಂದಿತು.

ಡಿ ಮಾರ್ಗನ್ನರಿಗೆ ಇದು ಮೂರು ವಾಕ್ಯಗಳ ವಾದದಷ್ಟೇ ಸರಳ. ಈ ಕಾಲೇಜು ಮತವನ್ನು ನೋಡದೆ ಆರಿಸುತ್ತೇವೆಂದು ಮಾತು ಕೊಟ್ಟು ಹುಟ್ಟಿದ್ದು. ಈಗ ಮತವನ್ನು ನೋಡಿ ಒಬ್ಬರನ್ನು ಕೈಬಿಟ್ಟಿತು. ಆದ್ದರಿಂದ ಮಾತು ಮುರಿಯಿತು. ಮಾರ್ಟಿನೊ ಅವರ ಪಂಥಕ್ಕೆ ಸೇರಿದವರು ಎಷ್ಟು ಮಂದಿ, ಅವರಿಂದ ಕಾಲೇಜಿನ ಜನಪ್ರಿಯತೆಗೆ ಧಕ್ಕೆಯಾಗುತ್ತದೆಯೇ ಎಂಬ ಮಾತುಗಳೊಂದೂ ಈ ವಾದವನ್ನು ಅಲುಗಿಸಲಾರವು. ಅರುವತ್ತನೆಯ ವಯಸ್ಸಿನಲ್ಲಿ ಅವರು ಎರಡನೆಯ ಬಾರಿ ರಾಜೀನಾಮೆ ಬರೆದರು. ಹಳೆಯ ಶಿಷ್ಯರು ಅವರ ಬಿಂಬವನ್ನು ಮಾಡಿಸಿ ಕಾಲೇಜಿನಲ್ಲಿಡಲು ಬಯಸಿದರು. ತಾನು ಸೇವೆ ಮಾಡಿದ ಕಾಲೇಜು ಈಗ ಇಲ್ಲವೆಂದು ಹೇಳಿ ಅವರು ಅದಕ್ಕೂ ಒಪ್ಪಲಿಲ್ಲ.

ಮುಂದಿನದು ದುಃಖದ ಕಥೆ. 1867ರಲ್ಲಿ ಮಗ ಜಾರ್ಜ್ ತೀರಿಕೊಂಡನು. ಕೆಲವೇ ವರ್ಷಗಳಲ್ಲಿ ಮಗಳೊಬ್ಬಳೂ ಹೋದಳು. ಡಿ ಮಾರ್ಗನ್ ಮತ್ತೆ ಚೇತರಿಸಲಿಲ್ಲ. 1871ರ ಮಾರ್ಚ್ 18ರಂದು ಕಣ್ಣುಮುಚ್ಚಿದರು. ಅದೇ ವರ್ಷ ಜೂನ್ ತಿಂಗಳಲ್ಲಿ, ಅವರು ಹೋಗಿ ಮೂರು ತಿಂಗಳು ತುಂಬುವ ಮುನ್ನ, ಆಕ್ಸ್‌ಫರ್ಡ್, ಕೇಂಬ್ರಿಜ್ಜುಗಳ ಪದವಿ, ಫೆಲೋಷಿಪ್ಪುಗಳಿಗೆ ಇದ್ದ ಮತಪರೀಕ್ಷೆಯನ್ನು ಬ್ರಿಟಿಷ್ ಪಾರ್ಲಿಮೆಂಟು ಕಾನೂನು ಮಾಡಿ ತೆಗೆದುಹಾಕಿತು. ಅವರು ಹಾಕದಿದ್ದ ಆ ರುಜುವನ್ನು ಮುಂದೆ ಯಾವ ಹುಡುಗನೂ ಹಾಕಬೇಕಾಗಲಿಲ್ಲ.

ಅವರ ಮರಣಶಾಸನದಲ್ಲಿ ಒಂದು ಸಂಗತಿ ಹೊರಬಂತು. ದೇವರಲ್ಲಿ ತನಗೆ ಪೂರ್ಣ ವಿಶ್ವಾಸವಿದೆಯೆಂದು ಅವರು ಅದರಲ್ಲಿ ಬರೆದಿದ್ದರು. ಬದುಕಿದ್ದಾಗ ಅದನ್ನು ಬಾಯಿಬಿಟ್ಟು ಹೇಳದಿದ್ದುದಕ್ಕೆ ಕಾರಣವನ್ನೂ ಕೊಟ್ಟಿದ್ದರು. ತನ್ನ ಕಾಲದಲ್ಲಿ ಹಾಗೆ ಹೇಳುವುದೇ ಲೋಕದಲ್ಲಿ ಮೇಲೇರುವ ಏಣಿಯಾಗಿತ್ತಂತೆ. ಅಂದರೆ ನಾಲ್ವತ್ತನಾಲ್ಕು ವರ್ಷಗಳ ಹಿಂದೆ ಅವರು ನಿರಾಕರಿಸಿದ್ದು ದೇವರನ್ನಲ್ಲ, ಏಣಿಯನ್ನು. ಅವರು ರುಜು ಹಾಕಲಿಲ್ಲ, ಆದ್ದರಿಂದ ಅವರಿಗೆ ನಂಬಿಕೆಯಿಲ್ಲ ಎಂದು ಎಣಿಸಿದ್ದವರೆಲ್ಲ ಹಿತ್ತಲಿನ ರಬ್ಬರನ್ನು ಹಲಸು ಎಂದವರ ಸಾಲಿಗೇ ಸೇರಿದರು.

ಸಂಖ್ಯೆಯಲ್ಲಿ ಹೆಚ್ಚಿರುವವರಿಗೆ ಕಾರಣ ಹೇಳದೆಯೂ ಕೆಲಸ ನಡೆದೀತು. ಕಡಿಮೆ ಇರುವವರಿಗೆ ಹಾಗಲ್ಲ. ನಮ್ಮ ಶಾಲೆಗಾಗಿ, ನಮ್ಮ ಭಾಷೆಯ ಅರ್ಜಿ ನಮೂನೆಗಾಗಿ ನಾವು ಆಡುವ ಒಂದೊಂದು ಮಾತೂ ಸೋರದ ಆಕಾರದಲ್ಲಿರಬೇಕು. ಈ ಕಾರಣಕ್ಕಾದರೂ ನಮ್ಮ ಮನೆಗಳಲ್ಲಿ ಮಕ್ಕಳಿಗೆ ಎಳವೆಯಿಂದಲೇ ಒಂದು ಅಭ್ಯಾಸ ಹಿಡಿಸೋಣ. ಯಾರು ಏನೇ ಹೇಳಲಿ, ನಾವೇ ಹೇಳಲಿ, ಇದರಿಂದ ಅದು ಹೊರಡುತ್ತದೆಯೇ ಎಂದು ಒಮ್ಮೆ ಕೇಳಲಿ. ಕಾಗದ ಯಾವುದೇ ಇರಲಿ, ಓದಿ ಅರ್ಥವಾದ ಮೇಲೆಯೇ ರುಜು ಹಾಕಲಿ.